ಒಂದೆಲಗ: ಗದ್ದೆ ಅಂಚಿನ ಈ ಸೊಪ್ಪು ಕೀಳೋ ಮೊದಲು, ಮಾರೋ ಮೊದಲು ತಿಳಿದಿರಬೇಕಾದ್ದು

ಮಳೆ ಹಿಡಿದು ಹದಿನೈದು ದಿನ ಆದರೆ ಸಾಕು, ಮಲೆನಾಡಿನ ಯಾವ ತಾಲೂಕಿಗೆ ಹೋದರೂ ಒಂದೆಲಗ ಕಾಲಿಗೆ ಸಿಗುತ್ತೆ. ಗದ್ದೆ ಅಂಚು, ಅಡಿಕೆ ತೋಟದ ಬಸಿಗಾಲುವೆ, ಕೆರೆ ಕೋಡಿ, ಬಾವಿಕಟ್ಟೆ, ಬಚ್ಚಲು ನೀರು ಹರಿಯೋ ಜಾಗ, ಹೀಗೆ ನೀರಿನ ಪಸೆ ಇರೋ ಕಡೆಯೆಲ್ಲ ನೆಲಕ್ಕೆ ಅಂಟಿಕೊಂಡು ಹರಡುತ್ತೆ. ಬೇಡಿದವರಿಗೂ ಬೇಡದವರಿಗೂ ಸಿಗುವ ಸೊಪ್ಪು ಇದು. ಹಾಗಾಗಿ ಇದರ ಬಗ್ಗೆ ಎಲ್ಲರಿಗೂ ಗೊತ್ತು ಅಂತ ನಾವು ಅಂದುಕೊಂಡಿದ್ದೇವೆ.

ಆದರೆ ಸಂತೆಯಲ್ಲಿ ಕಟ್ಟು ಕೊಳ್ಳುವಾಗ ಅದು ಎಲ್ಲಿ ಕಿತ್ತದ್ದು ಅಂತ ಕೇಳೋರು ಕಡಿಮೆ. ಗ್ರಂಧಿಗೆ ಅಂಗಡಿಯಲ್ಲಿ ‘ಬ್ರಾಹ್ಮಿ ಪುಡಿ’ ಕೇಳಿದಾಗ ಯಾವ ಗಿಡದ ಪುಡಿ ಕೊಟ್ಟರು ಅಂತ ನೋಡೋರು ಇನ್ನೂ ಕಡಿಮೆ. ಈ ಎರಡು ಪ್ರಶ್ನೆ ಕೇಳದೆ ಇದ್ದರೆ ಆರೋಗ್ಯಕ್ಕೂ ಪೆಟ್ಟು, ವ್ಯಾಪಾರಕ್ಕೂ ಪೆಟ್ಟು. ತಾಲೂಕಿನ ಓದುಗರಿಗೆ, ಸೊಪ್ಪು ಮಾರೋರಿಗೆ, ಕಿರಾಣಿ ಮತ್ತು ಗ್ರಂಧಿಗೆ ಅಂಗಡಿಯವರಿಗೆ ಒಟ್ಟಿಗೆ ಉಪಯೋಗವಾಗಲಿ ಅಂತ ಈ ಮಾಹಿತಿ.

ಒಂದೇ ಗಿಡ, ಹತ್ತು ಹೆಸರು

ಒಂದು ತೊಟ್ಟಿಗೆ ಒಂದೇ ಎಲೆ, ಅದಕ್ಕೇ ಒಂದೆಲಗ. ಕರಾವಳಿಗೆ ಇಳಿದರೆ ತುಳುವಿನಲ್ಲಿ ತಿಮರೆ. ಹವ್ಯಕರ ಮನೆಗಳಲ್ಲಿ ಉರಗೆ ಅನ್ನೋದೂ ಇದೆ. ತಮಿಳರಿಗೆ ವಲ್ಲಾರೈ, ತೆಲುಗಿನವರಿಗೆ ಸರಸ್ವತಿ ಆಕು, ಬಂಗಾಳದಲ್ಲಿ ಥಾನ್ಕುನಿ, ಶ್ರೀಲಂಕಾದಲ್ಲಿ ಗೊಟುಕೊಳ. ಸಂಸ್ಕೃತದ ಹೆಸರು ಮಂಡೂಕಪರ್ಣಿ. ಮಂಡೂಕ ಅಂದರೆ ಕಪ್ಪೆ. ಕಪ್ಪೆ ಇರೋ ಕಡೆ ಈ ಸೊಪ್ಪೂ ಇರುತ್ತೆ ಅನ್ನೋದಂತೂ ಗದ್ದೆ ಕೆಲಸ ಮಾಡಿದ ಯಾರಿಗಾದರೂ ಗೊತ್ತು.

ಸಸ್ಯಶಾಸ್ತ್ರದವರ ಲೆಕ್ಕದಲ್ಲಿ ಇದರ ಹೆಸರು ಸೆಂಟೆಲ್ಲಾ ಏಶಿಯಾಟಿಕಾ. 1753ರಲ್ಲಿ ಲಿನ್ನೇಯಸ್ ಇದನ್ನು ಹೈಡ್ರೋಕೋಟೈಲ್ ಅನ್ನೋ ಗುಂಪಿಗೆ ಸೇರಿಸಿದ್ದ. 1879ರಲ್ಲಿ ಜರ್ಮನಿಯ ಸಸ್ಯಶಾಸ್ತ್ರಜ್ಞ ಅರ್ಬನ್ ಅದನ್ನು ಬೇರೆ ಮಾಡಿ ಈಗಿನ ಹೆಸರು ಕೊಟ್ಟ. ಹಳೆಯ ಪುಸ್ತಕಗಳಲ್ಲಿ ಹೈಡ್ರೋಕೋಟೈಲ್ ಏಶಿಯಾಟಿಕಾ ಅಂತ ಕಂಡರೆ ಗಾಬರಿ ಬೇಡ, ಅದೂ ಇದೇ ಗಿಡ.

ಕುಟುಂಬ ಯಾವುದು ಗೊತ್ತಾ? ಕೊತ್ತಂಬರಿ, ಜೀರಿಗೆ, ಓಂಕಾಳು, ಕ್ಯಾರೆಟ್ ಇವುಗಳದ್ದೇ ಕುಟುಂಬ. ನೋಡೋಕೆ ಒಂದಕ್ಕೊಂದು ಹೋಲಿಕೆ ಇಲ್ಲ. ಆದರೆ ಎಲೆಯನ್ನು ಅಂಗೈಯಲ್ಲಿ ತಿಕ್ಕಿ ಮೂಸಿದರೆ ಆ ಸಂಬಂಧದ ಸುಳಿವು ಸ್ವಲ್ಪ ಸಿಗುತ್ತೆ.

ಗುರುತು ಹಿಡಿಯೋದು ಹೇಗೆ?

ಒಂದೆಲಗಕ್ಕೆ ಮೇಲೆದ್ದು ನಿಲ್ಲುವ ಕಾಂಡ ಇಲ್ಲ. ನೆಲದ ಮೇಲೆ ಬಳ್ಳಿಯ ಹಾಗೆ ತೆಳ್ಳಗಿನ ಕಾಂಡ ಹರಿದುಹೋಗುತ್ತೆ. ಅದು ಹಸಿರು, ಕೆಲವು ಕಡೆ ಕೆಂಪು ಛಾಯೆ. ಆ ಕಾಂಡದ ಪ್ರತಿ ಗಿಣ್ಣಿನಲ್ಲೂ ಕೆಳಗೆ ಬೇರು, ಮೇಲೆ ಎಲೆಗಳ ಒಂದು ಸಣ್ಣ ಗುಂಪು. ಒಂದು ಗಿಣ್ಣು ಕಿತ್ತು ಬೇರೆ ಕಡೆ ಊರಿದರೂ ಸಾಕು, ಅದೇ ಇನ್ನೊಂದು ಗಿಡ.

ಎಲೆ ಮೂತ್ರಪಿಂಡದ ಆಕಾರ, ಅಂದರೆ ದುಂಡಗಿದ್ದು ತೊಟ್ಟಿನ ಕಡೆ ಒಳಕ್ಕೆ ಕಚ್ಚು ಇರುತ್ತೆ. ಸಾಮಾನ್ಯವಾಗಿ 2ರಿಂದ 5 ಸೆಂಟಿಮೀಟರ್ ಅಗಲ. ಅಂಚಿನಲ್ಲಿ ಮೊಂಡಾದ ಸಣ್ಣ ಸಣ್ಣ ಹಲ್ಲು. ನರಗಳೆಲ್ಲ ತೊಟ್ಟು ಸೇರುವ ಜಾಗದಿಂದಲೇ ಬೀಸಣಿಗೆ ಹಾಗೆ ಹರಡಿರುತ್ತವೆ. ತೊಟ್ಟು ಉದ್ದ. ಹುಲ್ಲಿನ ನಡುವೆ, ನೆರಳಲ್ಲಿ ಬೆಳೆದರೆ ಬೆಳಕಿಗಾಗಿ ತೊಟ್ಟು ಒಂದು ಗೇಣಿನ ತನಕ ಏಳುತ್ತೆ. ಬಿಸಿಲಿಗೆ ಬಿದ್ದ ಗಟ್ಟಿ ನೆಲದಲ್ಲಿ ಎಲೆ ಚಿಕ್ಕದಾಗಿ, ದಪ್ಪಗೆ, ನೆಲಕ್ಕೆ ಅಂಟಿದ ಹಾಗೆ ಇರುತ್ತೆ. ಇವೆರಡನ್ನೂ ನೋಡಿ ‘ದೊಡ್ಡೆಲೆ ಜಾತಿ, ಸಣ್ಣೆಲೆ ಜಾತಿ’ ಅನ್ನೋರಿದ್ದಾರೆ. ಎಷ್ಟೋ ಸಲ ಅದು ನೆರಳು, ನೀರು, ಮಣ್ಣಿನ ವ್ಯತ್ಯಾಸ ಅಷ್ಟೇ.

ಹೂ ನೋಡಿದವರು ಬಹಳ ಕಡಿಮೆ. ಇದು ಹೂ ಬಿಡೋ ಗಿಡವೇ. ಆದರೆ ಹೂ ಎಲೆಗಳ ಬುಡದಲ್ಲಿ, ಮಣ್ಣಿನ ಹತ್ತಿರ ಅಡಗಿರುತ್ತೆ. ಬಗ್ಗಿ ಎಲೆ ಸರಿಸಿ ನೋಡಿದರೆ ಮೂರು ನಾಲ್ಕು ಪುಟ್ಟ ಹೂಗಳ ಗೊಂಚಲು ಕಾಣುತ್ತೆ. ಬಣ್ಣ ತಿಳಿ ಗುಲಾಬಿ, ನೇರಳೆ ಅಥವಾ ಹಸಿರು ಬಿಳಿ. ಒಂದೊಂದಕ್ಕೂ ಐದು ಎಸಳು. ಆಮೇಲೆ ಬರೋ ಕಾಯಿ ಚಪ್ಪಟೆ, ಗೆರೆ ಗೆರೆ, ಸಾಸಿವೆ ಕಾಳಿಗಿಂತ ಸ್ವಲ್ಪ ದೊಡ್ಡದು. ಸಂತಾನ ಬೆಳೆಯೋದು ಹೆಚ್ಚಾಗಿ ಬಳ್ಳಿಯಿಂದಲೇ.

ರುಚಿ ಸ್ವಲ್ಪ ಒಗರು, ಸ್ವಲ್ಪ ಕಹಿ. ಬಲಿತ ಎಲೆಯಲ್ಲಿ ಕಹಿ ಜಾಸ್ತಿ.

ಇವು ಒಂದೆಲಗ ಅಲ್ಲ

ಅಂಗಡಿಯವರು, ಸೊಪ್ಪು ಕೀಳೋಕೆ ಹೊಸಬರು ಈ ಭಾಗ ಸ್ವಲ್ಪ ನಿಧಾನಕ್ಕೆ ಓದಿ.

ನೀರುಬ್ರಾಹ್ಮಿ: ದೊಡ್ಡ ಗೊಂದಲ ಇರೋದು ಇಲ್ಲೇ. ನಮ್ಮ ಕಡೆ ಒಂದೆಲಗಕ್ಕೇ ಬ್ರಾಹ್ಮಿ ಅನ್ನೋರು ಬಹಳ ಜನ. ಆದರೆ ಕೇರಳದ ವೈದ್ಯರು ಬ್ರಾಹ್ಮಿ ಅಂದರೆ ಬೇರೆಯೇ ಗಿಡ, ಬಾಕೋಪಾ ಮೊನ್ನಿಯೇರಿ. ಅದೂ ಕೆಸರಲ್ಲೇ ಬೆಳೆಯುತ್ತೆ, ಅದಕ್ಕೇ ಗೊಂದಲ ಇನ್ನೂ ಜಾಸ್ತಿ. ವ್ಯತ್ಯಾಸ ಸುಲಭ: ನೀರುಬ್ರಾಹ್ಮಿಯ ಎಲೆ ಉಗುರಿನಷ್ಟು ಚಿಕ್ಕದು, ದಪ್ಪ, ರಸಭರಿತ, ಕಾಂಡದ ಎರಡೂ ಕಡೆ ಜೋಡಿ ಜೋಡಿಯಾಗಿ ಕೂತಿರುತ್ತೆ. ಉದ್ದ ತೊಟ್ಟು ಇಲ್ಲ. ಹೂ ಬಿಳಿ ಅಥವಾ ತಿಳಿ ನೇರಳೆ, ಎದ್ದು ಕಾಣುತ್ತೆ. ಭಾರತದ ಆಯುರ್ವೇದ ಫಾರ್ಮಕೋಪಿಯಾ ಈ ಜಗಳ ಬಗೆಹರಿಸಿದೆ. ಅದರ ಪ್ರಕಾರ ಬ್ರಾಹ್ಮಿ ಅಂದರೆ ಬಾಕೋಪಾ, ಮಂಡೂಕಪರ್ಣಿ ಅಂದರೆ ಒಂದೆಲಗ. ಎರಡಕ್ಕೂ ಬೇರೆ ಬೇರೆ ಪುಟ, ಬೇರೆ ಬೇರೆ ಪರೀಕ್ಷೆ.

ಇಲಿಕಿವಿ ಸೊಪ್ಪು: ಇದೂ ನೆಲದ ಮೇಲೆ ಹಬ್ಬುತ್ತೆ, ಎಲೆಯೂ ಮೂತ್ರಪಿಂಡದ ಆಕಾರವೇ. ಆದರೆ ಇದು ಗೆಣಸಿನ ಕುಟುಂಬದ್ದು. ಹಳದಿ ಬಣ್ಣದ, ಆಲಿಕೆ ಆಕಾರದ ಹೂ ಬಿಡುತ್ತೆ. ಹಳದಿ ಹೂ ಕಂಡರೆ ಅದು ಒಂದೆಲಗ ಅಲ್ಲವೇ ಅಲ್ಲ.

ಕೊಡೆ ಎಲೆಯ ಗಿಡ: ಪೇಟೆಯ ನರ್ಸರಿಗಳಲ್ಲಿ, ನೀರಿನ ಕುಂಡದಲ್ಲಿ ಇಟ್ಟು ‘ಬ್ರಾಹ್ಮಿ’ ಅಂತಲೇ ಮಾರೋ ಒಂದು ಗಿಡ ಇದೆ. ಎಲೆ ಪೂರ್ತಿ ದುಂಡು, ಹೊಳಪು. ತೊಟ್ಟು ಎಲೆಯ ನಟ್ಟನಡುವೆ ಸೇರಿರುತ್ತೆ, ಕೊಡೆಗೆ ಕೋಲು ಇರುತ್ತಲ್ಲ ಹಾಗೆ. ಒಂದೆಲಗದಲ್ಲಿ ತೊಟ್ಟು ಸೇರೋದು ಅಂಚಿನ ಕಚ್ಚಿನಲ್ಲಿ. ಇದು ಹೈಡ್ರೋಕೋಟೈಲ್ ಜಾತಿಯ ಅಲಂಕಾರದ ಗಿಡ. ಚಂದಕ್ಕೆ ಇಟ್ಟುಕೊಳ್ಳಿ, ತಂಬುಳಿಗೆ ಬೇಡ.

ನೆನಪಿಟ್ಟುಕೊಳ್ಳೋಕೆ ಮೂರೇ ಮಾತು: ಎಲೆಗೆ ಕಚ್ಚು ಇರಬೇಕು, ಅಂಚಿಗೆ ಮೊಂಡು ಹಲ್ಲು ಇರಬೇಕು, ನೆಲದ ಬಳ್ಳಿಯ ಗಿಣ್ಣಿನಲ್ಲಿ ಬೇರು ಇರಬೇಕು. ಮೂರರಲ್ಲಿ ಒಂದು ತಪ್ಪಿದರೂ ಕೀಳಬೇಡಿ.

ಎಲ್ಲೆಲ್ಲಿ ಬೆಳೆಯುತ್ತೆ

ಇದು ಮಲೆನಾಡಿನದ್ದೇ ಸೊತ್ತು ಅಂತ ಹೆಮ್ಮೆ ಪಡೋಹಾಗಿಲ್ಲ. ಭಾರತದ ಉದ್ದಗಲ, ಶ್ರೀಲಂಕಾ, ಆಗ್ನೇಯ ಏಷ್ಯಾ, ಚೀನಾ, ಜಪಾನ್, ಆಫ್ರಿಕಾದ ಹಲವು ಭಾಗ, ಮಡಗಾಸ್ಕರ್, ಆಸ್ಟ್ರೇಲಿಯಾ ತನಕ ಇದರ ಹರವು ಇದೆ. ಜಗತ್ತಿನ ಲೆಕ್ಕದಲ್ಲಿ ಇದು ಅಳಿವಿನಂಚಿನ ಗಿಡ ಅಲ್ಲ. ಇಷ್ಟು ದೇಶಗಳಲ್ಲಿ ಇರೋದಕ್ಕೆ ಕಾರಣ ಸರಳ: ಬೇಡೋದು ಎರಡೇ, ನೆಲದಲ್ಲಿ ಪಸೆ, ಮೇಲೆ ತಲೆ ಮುಚ್ಚುವಷ್ಟು ಎತ್ತರದ ಕಳೆ ಇಲ್ಲದಿರೋದು. ದನ ಮೇಯುವ ಒದ್ದೆ ಹುಲ್ಲುಗಾವಲು, ಆಗಾಗ ಸವರುವ ಗದ್ದೆ ಅಂಚು ಇದಕ್ಕೆ ಇಷ್ಟ ಆಗೋದು ಅದಕ್ಕೇ.

ನಮ್ಮ ಶಿವಮೊಗ್ಗ ಜಿಲ್ಲೆಯಲ್ಲಿ ತೀರ್ಥಹಳ್ಳಿ, ಹೊಸನಗರ, ಸಾಗರ ಕಡೆ ಮಳೆ ಜಾಸ್ತಿ, ಹಾಗಾಗಿ ತೋಟ, ಗದ್ದೆ, ಹಳ್ಳದ ದಂಡೆ ಎಲ್ಲ ಕಡೆ ಸಿಗುತ್ತೆ. ಸೊರಬ, ಶಿಕಾರಿಪುರದಲ್ಲಿ ಕೆರೆ ಹಿಂದಿನ ತೇವದ ನೆಲ ನೋಡಬೇಕು. ಭದ್ರಾವತಿ ಕಡೆ ಭದ್ರಾ ನಾಲೆಯ ನೀರಾವರಿ ಗದ್ದೆಗಳ ಬದುಗಳಲ್ಲಿ ಬೆಳೆಯೋಕೆ ಜಾಗ ಇದೆ. ಬೇಸಿಗೆಯಲ್ಲಿ ಎಲೆ ಒಣಗಿದರೂ ಬೇರು, ಗಿಣ್ಣು ಮಣ್ಣಲ್ಲಿ ಉಳಿದಿರುತ್ತೆ. ಮೊದಲ ಮಳೆಗೆ ಮತ್ತೆ ಚಿಗುರು.

ಅಡುಗೆ ಮನೆಯಲ್ಲಿ

ಮಲೆನಾಡು, ಕರಾವಳಿಯಲ್ಲಿ ಒಂದೆಲಗ ಅಂದ ಕೂಡಲೇ ನೆನಪಾಗೋದು ತಂಬುಳಿ. ಮಾಡೋ ಕ್ರಮ ಮನೆ ಮನೆಗೆ ಬೇರೆ. ಸಾಮಾನ್ಯ ಕ್ರಮ ಹೀಗೆ: ಒಂದು ಹಿಡಿ ಸೊಪ್ಪನ್ನು ಚೆನ್ನಾಗಿ ತೊಳೆದು, ಒಂದು ಚಮಚ ಜೀರಿಗೆ, ನಾಲ್ಕೈದು ಕಾಳುಮೆಣಸಿನ ಜೊತೆ ತುಪ್ಪದಲ್ಲಿ ಬಾಡಿಸಬೇಕು. ಆರಿದ ಮೇಲೆ ಎರಡು ಮೂರು ಚಮಚ ಕಾಯಿತುರಿ ಸೇರಿಸಿ ನುಣ್ಣಗೆ ರುಬ್ಬಿ, ಎರಡು ಲೋಟ ಮಜ್ಜಿಗೆಗೆ ಬೆರೆಸಿ, ಉಪ್ಪು ಹಾಕಿ, ಸಾಸಿವೆ ಒಣಮೆಣಸಿನ ಒಗ್ಗರಣೆ ಕೊಟ್ಟರೆ ಆಯ್ತು. ರುಬ್ಬಿದ್ದಕ್ಕೆ ಮಜ್ಜಿಗೆ ಹಾಕಿದ ಮೇಲೆ ಕುದಿಸೋದಿಲ್ಲ.

ಚಟ್ನಿ ಮಾಡ್ತಾರೆ, ದೋಸೆ ಹಿಟ್ಟಿಗೆ ರುಬ್ಬಿ ಹಾಕ್ತಾರೆ, ಬೆಲ್ಲ ನಿಂಬೆ ಸೇರಿಸಿ ಪಾನಕ ಮಾಡ್ತಾರೆ. ಕೊಬ್ಬರಿ ಎಣ್ಣೆಗೆ ಹಾಕಿ ಕಾಯಿಸಿ ತಲೆಗೆ ಹಚ್ಚೋ ಎಣ್ಣೆಯನ್ನೂ ಮನೆಯಲ್ಲೇ ಮಾಡ್ತಾರೆ. ಶ್ರೀಲಂಕಾದಲ್ಲಿ ಇದನ್ನು ಸಣ್ಣಗೆ ಹೆಚ್ಚಿ ತೆಂಗಿನ ತುರಿ, ಈರುಳ್ಳಿ, ನಿಂಬೆರಸ ಬೆರೆಸಿ ಅನ್ನದ ಜೊತೆ ತಿನ್ನುತ್ತಾರೆ. ಅಲ್ಲಿ ಬೆಳಗಿನ ಸೊಪ್ಪಿನ ಗಂಜಿಗೂ ಇದು ಬೀಳುತ್ತೆ. ಅಂದರೆ ತಲೆತಲಾಂತರದಿಂದ ಲಕ್ಷಾಂತರ ಜನ ಊಟದ ಸೊಪ್ಪಾಗಿ ತಿಂದು ಅರಗಿಸಿಕೊಂಡ ಗಿಡ ಇದು. ಊಟದ ಪ್ರಮಾಣದಲ್ಲಿ ಆರೋಗ್ಯವಂತರು ಹೆದರೋ ಅಗತ್ಯ ಇಲ್ಲ.

ಬುದ್ಧಿ ಚುರುಕಾಗುತ್ತಾ?

‘ಬರಿ ಹೊಟ್ಟೆಗೆ ಎರಡು ಎಲೆ ಅಗಿ, ಪರೀಕ್ಷೆಲಿ ಎಲ್ಲಾ ನೆನಪಿರುತ್ತೆ’ ಅಂತ ಮಕ್ಕಳಿಗೆ ಹೇಳದ ಅಜ್ಜಿ ಮಲೆನಾಡಿನಲ್ಲಿ ಸಿಗೋದು ಕಷ್ಟ. ಈ ಮಾತಿಗೆ ಹಳೆಯ ಬೇರು ಇದೆ. ಚರಕ ಸಂಹಿತೆಯಲ್ಲಿ ಬುದ್ಧಿಗೆ ಒಳ್ಳೆಯದು ಅಂತ ಹೇಳಿರೋ ನಾಲ್ಕು ಮೇಧ್ಯ ರಸಾಯನಗಳಲ್ಲಿ ಮೊದಲನೇದೇ ಮಂಡೂಕಪರ್ಣಿಯ ರಸ. ಉಳಿದ ಮೂರು ಜ್ಯೇಷ್ಠಮಧು, ಅಮೃತಬಳ್ಳಿ, ಶಂಖಪುಷ್ಪಿ.

ಈಗಿನ ಪರೀಕ್ಷೆಗಳು ಏನು ಹೇಳ್ತವೆ? ಮನುಷ್ಯರ ಮೇಲೆ ನಡೆದ ಪರೀಕ್ಷೆಗಳನ್ನೆಲ್ಲ ಒಟ್ಟುಗೂಡಿಸಿ ನೋಡಿದ ಒಂದು ವಿಮರ್ಶೆ 2017ರಲ್ಲಿ ಪ್ರಕಟವಾಯಿತು. ನೆನಪಿನ ಶಕ್ತಿ, ಗ್ರಹಣಶಕ್ತಿಯ ವಿಷಯದಲ್ಲಿ ಒಂದೆಲಗ ತಗೊಂಡವರಿಗೂ ಬರೀ ಹುಸಿ ಮಾತ್ರೆ ತಗೊಂಡವರಿಗೂ ಗಟ್ಟಿಯಾದ ವ್ಯತ್ಯಾಸ ಅದರಲ್ಲಿ ಕಾಣಲಿಲ್ಲ. ಮನಸ್ಸಿನ ಲವಲವಿಕೆ ಸ್ವಲ್ಪ ಹೆಚ್ಚುವ ಸೂಚನೆ ಇತ್ತು. ಹಾಗಾಗಿ ಮಗುವಿಗೆ ತಂಬುಳಿ ಕೊಡಿ, ಒಳ್ಳೆಯದೇ. ಆದರೆ ತಂಬುಳಿ ಕೊಟ್ಟೆ ಅಂತ ನಿದ್ದೆ, ಓದು ತಪ್ಪಿಸಬೇಡಿ.

ಗಾಯದ ವಿಷಯದಲ್ಲಿ ಮಾತ್ರ ಆಧಾರ ಇದಕ್ಕಿಂತ ಗಟ್ಟಿ. ಈ ಎಲೆಯಲ್ಲಿ ಏಶಿಯಾಟಿಕೋಸೈಡ್, ಮಡೆಕ್ಯಾಸೋಸೈಡ್ ಅನ್ನೋ ರಾಸಾಯನಿಕಗಳಿವೆ. ಇವು ಚರ್ಮದಲ್ಲಿ ಕೊಲಾಜನ್ ಅನ್ನೋ ಪ್ರೋಟೀನು ತಯಾರಾಗೋದಕ್ಕೆ ಒತ್ತಾಸೆ ಕೊಡುತ್ತವೆ. ಗಾಯ ಕೂಡೋದಕ್ಕೆ ಬೇಕಾಗೋದು ಅದೇ. ಮಡಗಾಸ್ಕರ್ ದ್ವೀಪದ ಗಿಡಗಳ ಮೇಲೆ ಫ್ರೆಂಚರು 1940ರ ದಶಕದಲ್ಲಿ ಮಾಡಿದ ಕೆಲಸದಿಂದ ಇದು ಹೊರಜಗತ್ತಿಗೆ ಗೊತ್ತಾಯಿತು. ವಿಶ್ವ ಆರೋಗ್ಯ ಸಂಸ್ಥೆ 1999ರಲ್ಲಿ ಹೊರತಂದ ಔಷಧೀಯ ಸಸ್ಯಗಳ ಸಂಪುಟದಲ್ಲೂ ಗಾಯ, ಸುಟ್ಟಗಾಯಕ್ಕೆ ಹೊರಗಿಂದ ಹಚ್ಚುವ ಉಪಯೋಗ ದಾಖಲಾಗಿದೆ. ಈಗ ಕೊರಿಯಾದಿಂದ ಬರೋ ‘ಸಿಕಾ’ ಕ್ರೀಮುಗಳಲ್ಲಿ ಇರೋದೂ ನಮ್ಮ ಗದ್ದೆ ಅಂಚಿನ ಇದೇ ಒಂದೆಲಗದ ಸಾರ.

ಹಾಗಂತ ಕೆಸರಲ್ಲಿ ಕಿತ್ತ ಎಲೆಯನ್ನು ಅರೆದು ಹಸಿ ಗಾಯಕ್ಕೆ ಮೆತ್ತಬೇಡಿ. ಕಾರ್ಖಾನೆಯ ಮುಲಾಮು ಶುದ್ಧ ಮಾಡಿದ ಸಾರ. ಗದ್ದೆಯ ಎಲೆಯ ಜೊತೆ ಮಣ್ಣು, ಧನುರ್ವಾಯು ತರುವ ಸೂಕ್ಷ್ಮಜೀವಿ ಎಲ್ಲ ಬರುತ್ತೆ.

ಯಾರು ಹುಷಾರಾಗಿರಬೇಕು

ಊಟದ ಸೊಪ್ಪು ಬೇರೆ, ಮಾತ್ರೆ, ಕ್ಯಾಪ್ಸೂಲು, ಗಟ್ಟಿ ಸಾರ ಬೇರೆ. 2005ರಲ್ಲಿ ಅರ್ಜೆಂಟೀನಾದ ವೈದ್ಯರು ಮೂವರು ಮಹಿಳೆಯರ ಪ್ರಕರಣ ವರದಿ ಮಾಡಿದರು. ಒಂದೆರಡು ತಿಂಗಳು ಒಂದೆಲಗದ ಮಾತ್ರೆ ತಗೊಂಡ ಮೇಲೆ ಅವರಿಗೆ ಕಾಮಾಲೆ ಬಂದು ಲಿವರ್‌ಗೆ ಪೆಟ್ಟಾಗಿತ್ತು. ಬಿಟ್ಟ ಮೇಲೆ ಗುಣವಾಯಿತು. ಇಂಥದ್ದು ಅಪರೂಪ, ಆದರೆ ಇಲ್ಲ ಅನ್ನೋಹಾಗಿಲ್ಲ.

- ಲಿವರ್ ತೊಂದರೆ ಇರೋರು, ಹಿಂದೆ ಕಾಮಾಲೆ ಆಗಿದ್ದೋರು ಮಾತ್ರೆ, ಸಾರ ಮುಟ್ಟೋ ಮೊದಲು ವೈದ್ಯರನ್ನು ಕೇಳಬೇಕು.
- ಗರ್ಭಿಣಿಯರು, ಎದೆಹಾಲು ಕುಡಿಸುವ ತಾಯಂದಿರು ಔಷಧದ ಪ್ರಮಾಣದಲ್ಲಿ ತಗೊಳ್ಳೋದು ಬೇಡ.
- ನಿದ್ದೆ ಮಾತ್ರೆ, ಸಕ್ಕರೆ ಕಾಯಿಲೆ ಮಾತ್ರೆ ನುಂಗೋರು ಜೊತೆಗೆ ಇದನ್ನೂ ದಿನಾ ಕುಡಿಯೋದಾದರೆ ವೈದ್ಯರಿಗೆ ಹೇಳಿ.
- ಮೂರ್ಛೆ ರೋಗದ ಮಾತ್ರೆ ಬಿಟ್ಟು ಒಂದೆಲಗದ ರಸಕ್ಕೆ ಬರೋದು ಪ್ರಾಣಕ್ಕೇ ಅಪಾಯ. ಯಾರೇ ಹೇಳಿದರೂ ಬಿಡಬೇಡಿ.

ಚರಂಡಿ ಸೊಪ್ಪಿನ ಸಮಸ್ಯೆ

ಒಂದೆಲಗದ ಗುಣವೇ ಅದಕ್ಕೆ ಶತ್ರು. ನೀರು ಎಲ್ಲಿದೆಯೋ ಅಲ್ಲಿ ಬೆಳೆಯುತ್ತೆ, ಆ ನೀರು ಎಂಥದ್ದು ಅಂತ ನೋಡೋದಿಲ್ಲ. ಪಟ್ಟಣದ ಚರಂಡಿ ಬದಿ, ಹೋಟೆಲ್ ಹಿಂದಿನ ಕೊಚ್ಚೆ, ಗ್ಯಾರೇಜ್ ಪಕ್ಕದ ಎಣ್ಣೆ ಮಿಶ್ರಿತ ನೀರು, ಹೆದ್ದಾರಿ ಪಕ್ಕದ ಗುಂಡಿ, ಎಲ್ಲ ಕಡೆ ಹುಲುಸಾಗಿ ಬರುತ್ತೆ. ಚರಂಡಿಯ ಗೊಬ್ಬರಕ್ಕೆ ಎಲೆ ಇನ್ನೂ ದೊಡ್ಡದು, ಇನ್ನೂ ಹಸಿರು. ಕಟ್ಟು ನೋಡಿದರೆ ಚಂದ ಕಾಣೋದೂ ಅದೇ.

ತೊಂದರೆ ಎರಡು ಥರ. ಮೊದಲನೇದು ಮಲದಿಂದ ಬರೋ ರೋಗಾಣು, ಹುಳದ ಮೊಟ್ಟೆ. ಎಲೆ ನೆಲಕ್ಕೆ ಅಂಟಿಕೊಂಡೇ ಇರೋದರಿಂದ ಕೊಳಚೆ ನೇರವಾಗಿ ತಾಗುತ್ತೆ. ದನ ಕುರಿಗಳ ಲಿವರ್‌ಗೆ ಹತ್ತೋ ಚಪ್ಪಟೆ ಹುಳ ಗೊತ್ತಲ್ಲ, ಅದರ ಮರಿ ನೀರಿನ ಬಸವನಹುಳದಿಂದ ಹೊರಬಂದು ನೀರಂಚಿನ ಗಿಡಗಳ ಮೇಲೆ ಅಂಟಿ ಕೂರುತ್ತೆ. ಅಂಥ ಸೊಪ್ಪನ್ನು ಹಸಿಯಾಗಿ ತಿಂದರೆ ಮನುಷ್ಯರಿಗೂ ಬರಬಹುದು. ಇದಕ್ಕೆ ಮದ್ದು ಬೇಯಿಸೋದು. ಉಪ್ಪು ನೀರಲ್ಲಿ ಅದ್ದಿ ತೆಗೆದರೆ ಸಾಲದು.

ಎರಡನೇದು ಸೀಸ, ಕ್ಯಾಡ್ಮಿಯಂನಂಥ ಲೋಹ. ಕೊಳಚೆ ಮಣ್ಣಲ್ಲಿ ಇವು ಇದ್ದರೆ ಗಿಡ ಬೇರಿನಿಂದ ಹೀರಿ ಎಲೆಗೆ ಸೇರಿಸಿಕೊಳ್ಳುತ್ತೆ. ಇದು ತೊಳೆದರೂ ಹೋಗೋಲ್ಲ, ಬೇಯಿಸಿದರೂ ಹೋಗೋಲ್ಲ. ಹಾಗಾಗಿ ಜಾಗ ನೋಡಿ ಕೀಳೋದೇ ದಾರಿ.

ತೋಟದಲ್ಲೂ ಒಂದು ಎಚ್ಚರ ಬೇಕು. ಬದುಗಳಿಗೆ ಕಳೆ ಔಷಧಿ ಹೊಡೆಯೋದು ಈಗ ರೂಢಿಯಾಗಿದೆ. ಹೊಡೆದ ದಿನವೇ ಎಲೆ ಬಾಡೋಲ್ಲ, ಹಸಿರಾಗೇ ಕಾಣುತ್ತೆ. ಬೇರೆಯವರ ತೋಟದಲ್ಲಿ ಕೀಳೋ ಮೊದಲು ‘ಔಷಧಿ ಹೊಡೆದಿದೀರಾ?’ ಅಂತ ಒಂದು ಮಾತು ಕೇಳಿ. ಹೊಡೆದವರೂ ಅಕ್ಕಪಕ್ಕದವರಿಗೆ ಹೇಳಿಬಿಡಿ.

ಇನ್ನೊಂದು, ಬರಿಗಾಲಲ್ಲಿ ಕೆಸರಿಗೆ ಇಳಿಯೋರು ಕಾಲಲ್ಲಿ ಗಾಯ, ಒಡಕು ಇದ್ದರೆ ಗಮ್‌ಬೂಟು ಹಾಕಿಕೊಳ್ಳಿ. ಇಲಿ ಜ್ವರ ಹರಡೋದು ಇಲಿ ಮೂತ್ರ ಸೇರಿದ ಇಂಥ ನೀರಿನಿಂದಲೇ. ಗದ್ದೆಗೆ ಇಳಿದು ಬಂದ ಮೇಲೆ ಜ್ವರ, ಮೈಕೈ ನೋವು ಬಂದರೆ ವೈದ್ಯರ ಹತ್ತಿರ ಆ ವಿಷಯ ಮುಚ್ಚಿಡಬೇಡಿ.

ಅಂಗಡಿಯವರಿಗೆ ನಾಲ್ಕು ಮಾತು

ಸೊಪ್ಪು ಮಾರೋರು: ಕಟ್ಟು ತಂದುಕೊಡೋರನ್ನು ಎಲ್ಲಿ ಕಿತ್ತದ್ದು ಅಂತ ಕೇಳಿ. ಗದ್ದೆ, ತೋಟದ ಹೆಸರು ಹೇಳಿದರೆ ಗಿರಾಕಿಗೂ ಅದನ್ನೇ ಹೇಳಿ. ‘ನಮ್ಮ ತೋಟದ್ದು’ ಅನ್ನೋ ಮಾತಿಗೆ ಬೆಲೆ ಇದೆ. ಬೇರು ಸಮೇತ ಕಿತ್ತ ಕಟ್ಟಿಗಿಂತ ಎಲೆ ತೊಟ್ಟು ಮಾತ್ರ ಕೊಯ್ದ ಕಟ್ಟು ಸ್ವಚ್ಛ, ಬೇಗ ಕೊಳೆಯೋದಿಲ್ಲ, ಗಿಡವೂ ಉಳಿಯುತ್ತೆ. ನೀರು ಚಿಮುಕಿಸೋದಾದರೆ ಕುಡಿಯೋ ನೀರನ್ನೇ ಬಳಸಿ.

ಗ್ರಂಧಿಗೆ, ಕಿರಾಣಿ ಅಂಗಡಿಯವರು: ಪುಡಿ ತರಿಸುವಾಗ ಬರೀ ‘ಬ್ರಾಹ್ಮಿ’ ಅಂತ ಬರೆಸಬೇಡಿ. ಮಂಡೂಕಪರ್ಣಿಯಾ, ನೀರುಬ್ರಾಹ್ಮಿಯಾ ಅಂತ ಬಿಲ್ಲಿನಲ್ಲೇ ಸ್ಪಷ್ಟ ಇರಲಿ, ಸಸ್ಯದ ಶಾಸ್ತ್ರೀಯ ಹೆಸರು ಇದ್ದರೆ ಇನ್ನೂ ಒಳ್ಳೆಯದು. ಪುಡಿಯಾದ ಮೇಲೆ ಎರಡೂ ಹಸಿರು ಪುಡಿಯೇ. ಕಣ್ಣಲ್ಲಿ ನೋಡಿ ಹೇಳೋದು ಕಷ್ಟ. ವೈದ್ಯರ ಚೀಟಿ ಹಿಡಿದು ಬಂದವರಿಗೆ ತಪ್ಪು ಪುಡಿ ಹೋದರೆ ಆಮೇಲೆ ಮಾತು ಬರೋದು ಅಂಗಡಿಯ ಮೇಲೆ.

ಮನೆಯಲ್ಲಿ ಎಣ್ಣೆ, ಪುಡಿ, ಸಿರಪ್ ಮಾಡಿ ಮಾರೋರು: ತಿನ್ನೋ ಪದಾರ್ಥವಾದರೆ ಆಹಾರ ಸುರಕ್ಷತಾ ನೋಂದಣಿ ಬೇಕು. ಆಯುರ್ವೇದ ಔಷಧ ಅಂತ ತಯಾರಿಸಿ ಮಾರೋದಾದರೆ ಆಯುಷ್ ಕಡೆಯ ತಯಾರಿಕಾ ಪರವಾನಗಿ ಬೇಕು. ಬೋರ್ಡಿನಲ್ಲಿ, ವಾಟ್ಸಾಪ್ ಸ್ಟೇಟಸ್‌ನಲ್ಲಿ ‘ಮೂರ್ಛೆ ಗುಣ, ಸಕ್ಕರೆ ಕಾಯಿಲೆ ಗುಣ, ಕ್ಯಾನ್ಸರ್ ಗುಣ’ ಅಂತ ಹಾಕೋದು 1954ರ ಆಕ್ಷೇಪಾರ್ಹ ಜಾಹೀರಾತು ಕಾಯ್ದೆ ಪ್ರಕಾರ ಅಪರಾಧ. ‘ತಂಬುಳಿಗೆ ತಾಜಾ ಒಂದೆಲಗ’ ಅಂತ ಬರೆಯಿರಿ. ಅಷ್ಟಕ್ಕೇ ಗಿರಾಕಿ ಬರ್ತಾರೆ.

ಮನೆ ಹಿಂದೆ ಬೆಳೆಸೋದು

ಮೇಲಿನ ತಲೆನೋವೆಲ್ಲ ಬೇಡ ಅಂದರೆ ಸುಲಭ ದಾರಿ ಇದೆ: ನೀವೇ ಬೆಳೆಸಿ.

ಒಳ್ಳೆ ಜಾಗದಿಂದ ಬೇರಿರುವ ನಾಲ್ಕೈದು ಗಿಣ್ಣು ತಂದು, ಅಗಲ ಬಾಯಿಯ ಕುಂಡ ಅಥವಾ ಹಳೆ ಟಬ್ಬಿನಲ್ಲಿ ಊರಿ. ಕೆಳಗೆ ತೂತು ಇರಲಿ. ಮಣ್ಣಿಗೆ ಅಷ್ಟೇ ಪ್ರಮಾಣದ ಹಳೆ ಕೊಟ್ಟಿಗೆ ಗೊಬ್ಬರ ಬೆರೆಸಿ. ಅರೆ ನೆರಳು ಸಾಕು. ಅಡಿಕೆ, ತೆಂಗಿನ ಕೆಳಗಿನ ಬೆಳಕು ಇದಕ್ಕೆ ಹೇಳಿಮಾಡಿಸಿದ ಹಾಗೆ. ಮಣ್ಣು ಒಣಗಬಾರದು, ಹಾಗಂತ ನೀರು ನಿಂತು ವಾಸನೆ ಬರೋಹಾಗೂ ಆಗಬಾರದು. ಬಚ್ಚಲಿನ ಸೋಪು ನೀರು ಬಿಡಬೇಡಿ. ಸುಮಾರು ಮೂರು ತಿಂಗಳಿಗೆ ಕುಂಡ ತುಂಬುತ್ತೆ. ಕೊಯ್ಯುವಾಗ ಬಲಿತ ಎಲೆ ತೊಟ್ಟು ಮಾತ್ರ ಕತ್ತರಿಸಿ, ಬಳ್ಳಿ ಬಿಡಿ. ಸ್ವಲ್ಪ ದಿನಕ್ಕೆ ಮತ್ತೆ ಕೊಯ್ಲು.

ಸ್ವಲ್ಪ ದೊಡ್ಡ ಮಟ್ಟದಲ್ಲಿ ಬೆಳೆಯೋ ಯೋಚನೆ ಇರೋ ರೈತರಿಗೆ ತಳಿಗಳೂ ಇವೆ. ಹೆಸರಘಟ್ಟದ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆ ‘ಅರ್ಕಾ ದಿವ್ಯ’, ‘ಅರ್ಕಾ ಪ್ರಭಾವಿ’ ಅನ್ನೋ ಒಂದೆಲಗದ ತಳಿಗಳನ್ನು ಬಿಡುಗಡೆ ಮಾಡಿದೆ. ಆದರೆ ನಾಟಿಗಿಂತ ಮೊದಲು ಕೊಳ್ಳೋರು ಯಾರು, ಹಸಿಯಾ ಒಣಗಿದ್ದಾ, ತೇವಾಂಶ ಎಷ್ಟಿರಬೇಕು ಅಂತ ಮಾತಾಡಿಕೊಳ್ಳಿ. ಈ ಸೊಪ್ಪಿನ ತೂಕದಲ್ಲಿ ಬಹುಪಾಲು ನೀರೇ. ಒಣಗಿಸಿದ ಮೇಲೆ ಕೈಗೆ ಬರೋದು ಸ್ವಲ್ಪ. ಹಸಿ ತೂಕದ ಮೇಲೆ ಲಾಭದ ಲೆಕ್ಕ ಹಾಕಿದರೆ ಮೋಸ ಹೋಗ್ತೀರಿ.

ಗದ್ದೆ ಹೋದರೆ ಸೊಪ್ಪೂ ಹೋಗುತ್ತೆ

ಜಗತ್ತಿನಲ್ಲಿ ಇದಕ್ಕೆ ಅಳಿವಿನ ಭಯ ಇಲ್ಲ ಅಂತ ಮೇಲೆ ಹೇಳಿದ್ದೇವೆ. ಆದರೆ ನಿಮ್ಮ ಊರಿನ ಮಾತು ಬೇರೆ. ಗದ್ದೆಗೆ ಮಣ್ಣು ಹಾಕಿ ಅಡಿಕೆ ಇಟ್ಟರೆ, ಕೆರೆ ಕೋಡಿಯ ಜೌಗಿಗೆ ಮಣ್ಣು ತುಂಬಿ ಸೈಟು ಮಾಡಿದರೆ, ಬಸಿಗಾಲುವೆಗೆ ಕಾಂಕ್ರೀಟು ಹಾಕಿದರೆ ಒಂದೆಲಗಕ್ಕೆ ಜಾಗ ಇಲ್ಲ. ಉಳಿಯೋದು ಊರ ಚರಂಡಿ ಒಂದೇ. ಅಂದರೆ ಒಳ್ಳೆ ಸೊಪ್ಪಿನ ಜಾಗ ಹೋಗಿ ಕೆಟ್ಟ ಸೊಪ್ಪಿನ ಜಾಗ ಉಳಿಯುತ್ತೆ. ಪೇಟೆಯ ಸಂತೆಗೆ ಬರೋ ಕಟ್ಟಿನ ಗುಣ ಕೆಡೋದು ಹೀಗೆ. ಹೊನಗೊನ್ನೆ, ಗರಗದಂಥ ತೇವದ ನೆಲದ ಬೇರೆ ಸೊಪ್ಪುಗಳದ್ದೂ ಇದೇ ಕಥೆ.

ಪ್ರತಿ ಗ್ರಾಮ ಪಂಚಾಯಿತಿಯಲ್ಲೂ ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕು, ಊರಿನ ಗಿಡಮೂಲಿಕೆ, ಸೊಪ್ಪು, ಮೀನು, ಕೆರೆಗಳ ವಿವರ ಇರುವ ಜನತಾ ಜೀವವೈವಿಧ್ಯ ದಾಖಲಾತಿ ಇರಬೇಕು ಅಂತ 2002ರ ಜೀವವೈವಿಧ್ಯ ಕಾಯ್ದೆಯ ವ್ಯವಸ್ಥೆ. ನಿಮ್ಮ ಪಂಚಾಯಿತಿಯ ದಾಖಲಾತಿಯಲ್ಲಿ ಒಂದೆಲಗ ಇದೆಯಾ, ಅದು ಬೆಳೆಯೋ ಜೌಗಿನ ಹೆಸರು ಇದೆಯಾ ಅಂತ ಮುಂದಿನ ಗ್ರಾಮಸಭೆಯಲ್ಲಿ ಕೇಳಬಹುದು. ಬರೆದಿಟ್ಟ ಜಾಗಕ್ಕೆ ಮಣ್ಣು ಹಾಕೋಕೆ ಬಂದಾಗ ಮಾತಾಡೋಕೆ ಒಂದು ಆಧಾರ ಸಿಗುತ್ತೆ.

ಅಲ್ಲಿಯ ತನಕ ಇಷ್ಟು ಮಾಡಿ: ಕೊಳ್ಳೋರು ಎಲ್ಲಿಯದ್ದು ಅಂತ ಕೇಳಿ, ಮಾರೋರು ಎಲ್ಲಿಯದ್ದು ಅಂತ ಹೇಳಿ, ಕೀಳೋರು ಬೇರು ಬಿಟ್ಟು ಕೀಳಿ. ಜಾಗ ಗೊತ್ತಿಲ್ಲದ ಸೊಪ್ಪು ಮನೆಗೆ ಬಂದರೆ ಹಸಿ ತಂಬುಳಿ ಬೇಡ. ಚರಂಡಿ ಬದಿಯದ್ದು ಅಂತ ಗೊತ್ತಾದರೆ ಬೇಯಿಸಿಯೂ ತಿನ್ನಬೇಡಿ.